ಕೋವಿ ಹೋಗಿ ಕ್ಯಾಮೆರಾ ಬಂತು, ಆದರೆ ಹೊಳೆಯೊಳಗೆ?

1946ರ ಮಾರ್ಚ್ 22ರಂದು ಮೈಸೂರಿನ ಡಿ ವೆಟ್ ವ್ಯಾನ್ ಇಂಗೆನ್ ಎಂಬುವರ ಗಾಳಕ್ಕೆ ನಮ್ಮ ಸೀಮೆಯ ಹೊಳೆಯಲ್ಲಿ ಒಂದು ಬಿಳಿಮೀನು ಬಿತ್ತು. ತೂಕ 120 ಪೌಂಡು, ಅಂದರೆ ಸುಮಾರು 54 ಕೆಜಿ. ಒಂದು ಸಿಮೆಂಟ್ ಮೂಟೆಗಿಂತ ಭಾರ. ಹೊರಗಿನವರು ಮಹಶೀರ್ ಎಂದು ಕರೆಯುವ ಈ ಮೀನಿನ ವಿಷಯ ಎಲ್ಲಿ ಬಂದರೂ ಈಗಲೂ ಮೊದಲು ಹೇಳುವುದು ಆ 120 ಪೌಂಡಿನ ಮೀನನ್ನೇ.

ಅದರ ತೂಕ ಗೊತ್ತು, ಹಿಡಿದ ದಿನ ಗೊತ್ತು, ಹಿಡಿದವರ ಹೆಸರು ಗೊತ್ತು. ಆದರೆ ಅದು ಮಡುವಿನ ತಳದಲ್ಲಿ ಹೇಗೆ ಬದುಕಿತ್ತು, ಏನು ತಿನ್ನುತ್ತಿತ್ತು, ಮಳೆಗಾಲದಲ್ಲಿ ಎಲ್ಲಿಗೆ ಹೋಗುತ್ತಿತ್ತು ಅನ್ನುವುದನ್ನು ನೀರೊಳಗೆ ಇಳಿದು ನೋಡಿದವರು ಆಗ ಯಾರೂ ಇರಲಿಲ್ಲ. ನೋಡುವ ಸಾಧನವೇ ಮೂರು ವರ್ಷದ ಹಿಂದೆಯಷ್ಟೇ ದೂರದ ಫ್ರಾನ್ಸಿನಲ್ಲಿ ಹುಟ್ಟಿತ್ತು.

'ನೀರೊಳಗಿನ ಪ್ರಾಣಿಗಳ ಸಿನಿಮಾ ಮಾಡುವುದು ಒಂದು ಕೆಲಸವಾ? ನಮ್ಮ ಕಡೆಯವರು ಅದನ್ನು ಮಾಡಬಹುದಾ?' ಮೊಬೈಲಿನಲ್ಲಿ ತಿಮಿಂಗಿಲದ ವಿಡಿಯೊ ನೋಡಿದ ಹುಡುಗರು ಹೀಗೆ ಕೇಳುತ್ತಿರುತ್ತಾರೆ. ಯಾವ ಕೋರ್ಸು, ಎಷ್ಟು ಫೀಸು ಎಂದು ಹೇಳುವುದಕ್ಕಿಂತ ಆ ಕೆಲಸ ಎಲ್ಲಿಂದ ಬಂತು, ಅದನ್ನು ಮಾಡಿದವರು ಎಂಥವರು ಎಂದು ಹೇಳುವುದು ಮೇಲು ಅಂತ ನಮಗನ್ನಿಸಿತು. ಯಾಕೆಂದರೆ ಆ ಕಥೆಗೂ ಮೈಸೂರಿನ ಕಥೆಗೂ ಒಂದು ಹೋಲಿಕೆ ಇದೆ.

ಮೊದಲು ಮೈಸೂರಿನದು.

ಗಾಳ ಹಾಕಿದ ಡಿ ವೆಟ್ ಸಾಮಾನ್ಯ ಮನೆಯವರಲ್ಲ. ವ್ಯಾನ್ ಇಂಗೆನ್ ಅಂದರೆ ಒಂದು ಕಾಲದಲ್ಲಿ ದೇಶಕ್ಕೆಲ್ಲ ಗೊತ್ತಿದ್ದ ಹೆಸರು. ಬೇಟೆಯಾಡಿದ ಹುಲಿ, ಚಿರತೆಗಳ ಚರ್ಮ ಹದ ಮಾಡಿ, ಒಳಗೆ ತುಂಬಿಸಿ, ಜೀವ ಇರುವ ಹಾಗೆಯೇ ಕಾಣುವ ಬೊಂಬೆ ಮಾಡಿಕೊಡುವ ಕಾರ್ಖಾನೆ ಅವರದು. 1900ರ ಸುಮಾರಿಗೆ ಶುರುವಾಗಿ ಇಪ್ಪತ್ತನೇ ಶತಮಾನದ ಕೊನೆಯವರೆಗೂ ಮೈಸೂರಿನಲ್ಲಿ ನಡೆಯಿತು. ಅಲ್ಲಿ ಹಾದು ಹೋದ ಹುಲಿ, ಚಿರತೆಗಳೇ 40 ಸಾವಿರಕ್ಕೂ ಹೆಚ್ಚು. ಮಹಾರಾಜರು, ನವಾಬರು, ಬ್ರಿಟಿಷ್ ದೊರೆಗಳು ಎಲ್ಲರೂ ತಮ್ಮ ಬೇಟೆಯನ್ನು ಮೈಸೂರಿಗೆ ಕಳಿಸುತ್ತಿದ್ದರು. ಕಾಡುಪ್ರಾಣಿಯನ್ನು ಹತ್ತಿರದಿಂದ ನೋಡಬೇಕಾದರೆ ಅದು ಸತ್ತಿರಬೇಕು ಅನ್ನುವ ಕಾಲ ಅದು.

ಜೀವಂತ ನೋಡುವ ಒಂದು ದಾರಿ ಖೆಡ್ಡಾ. ಎಚ್.ಡಿ. ಕೋಟೆ ಕಡೆಯ ಹಿರಿಯರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಕಾಕನಕೋಟೆ ಕಾಡಿನಲ್ಲಿ ತಮಟೆ, ಕೂಗು, ಬೆಂಕಿಯಿಂದ ಆನೆ ಹಿಂಡನ್ನು ಅಟ್ಟಿಕೊಂಡು ಬಂದು, ಕಬಿನಿ ಹೊಳೆಗೆ ಇಳಿಸಿ, ಈಚೆ ದಡದಲ್ಲಿ ದೊಡ್ಡಿಗೆ ಹಾಕುತ್ತಿದ್ದರು. ವೈಸರಾಯ್ ಬಂದರೆ ದಡದಲ್ಲಿ ಕೂತು ನೋಡಲು ಗ್ಯಾಲರಿ. 1870ರ ದಶಕದಲ್ಲಿ ಸ್ಯಾಂಡರ್ಸನ್ ಎಂಬ ಅಧಿಕಾರಿ ಮೈಸೂರು ಸೀಮೆಯಲ್ಲಿ ಶುರು ಮಾಡಿದ್ದು, 1971ರಲ್ಲಿ ಕೊನೆಯಾಯಿತು.

ಮೈಸೂರಿಗೆ ಪ್ರಾಣಿಗಳ ಸಿನಿಮಾ ಬಂದಿದ್ದೂ ಈ ಖೆಡ್ಡಾದ ದಾರಿಯಲ್ಲೇ. 1935ರಲ್ಲಿ ರಾಬರ್ಟ್ ಫ್ಲಾಹರ್ಟಿ ಎಂಬ ಅಮೆರಿಕದ ನಿರ್ದೇಶಕರು ಇಲ್ಲಿಗೆ ಬಂದರು. ಹಿಮದ ನಾಡಿನ ಜನರ ಬದುಕನ್ನು 'ನಾನೂಕ್ ಆಫ್ ದಿ ನಾರ್ತ್' ಎಂಬ ಚಿತ್ರದಲ್ಲಿ ತೋರಿಸಿ ಹೆಸರಾಗಿದ್ದವರು. ನಾಲ್ವಡಿ ಕೃಷ್ಣರಾಜ ಒಡೆಯರು ಅವರಿಗೆ ಚಿತ್ತರಂಜನ್ ಮಹಲನ್ನೇ ಬಿಟ್ಟುಕೊಟ್ಟರು. ಮುಂದೆ ಪ್ರೀಮಿಯರ್ ಸ್ಟುಡಿಯೊ ಆಗಿ, ಈಗ ಗ್ರೀನ್ ಹೋಟೆಲ್ ಆಗಿರುವ ಕಟ್ಟಡ ಅದು. ಅರಮನೆಯ ಆನೆ ಲಾಯದಲ್ಲಿ ಸಿಕ್ಕ ಕಾರಾಪುರದ ಮಾವುತನ ಮಗ ಸಾಬು ಆ ಚಿತ್ರದ ನಾಯಕನಾದ. 'ಎಲಿಫೆಂಟ್ ಬಾಯ್' 1937ರಲ್ಲಿ ತೆರೆಗೆ ಬಂದು, ವೆನಿಸ್ ಚಿತ್ರೋತ್ಸವದಲ್ಲಿ ನಿರ್ದೇಶನಕ್ಕೆ ಪ್ರಶಸ್ತಿ ಪಡೆಯಿತು. ಸಾಬು ಲಂಡನ್ನಿಗೆ, ಅಲ್ಲಿಂದ ಹಾಲಿವುಡ್ಡಿಗೆ ಹೋದ. ಮಾವುತನ ಮನೆಯ ಹುಡುಗ, ಓದು ಅಷ್ಟಕ್ಕಷ್ಟೆ, ಇಂಗ್ಲಿಷ್ ಆಮೇಲೆ ಕಲಿತದ್ದು. ಕ್ಯಾಮೆರಾದ ಮುಂದೆ ಅವನನ್ನು ನಿಲ್ಲಿಸಿದ್ದು ಅವನಿಗಿದ್ದ ಆನೆಯ ಒಡನಾಟ. ಇದನ್ನು ಸ್ವಲ್ಪ ನೆನಪಿನಲ್ಲಿಡಿ.

ಮುಂದಿನ ಹೆಸರು ನಿಮಗೂ ಗೊತ್ತಿರುವುದು: ಕೃಪಾಕರ ಮತ್ತು ಸೇನಾನಿ. ಇಬ್ಬರೂ ಮೈಸೂರಿನಲ್ಲೇ ನೆಲೆಸಿ, ಬಂಡೀಪುರದ ಕಾಡಿನಲ್ಲಿ ಸೀಳುನಾಯಿಗಳ ಹಿಂದೆ ವರ್ಷಗಟ್ಟಲೆ ಅಲೆದವರು. 1997ರಲ್ಲಿ ವೀರಪ್ಪನ್ ಇವರನ್ನು ಹಿಡಿದುಕೊಂಡು ಹೋಗಿ 14 ದಿನ ಇಟ್ಟುಕೊಂಡಿದ್ದು ಊರಿಗೆಲ್ಲ ಗೊತ್ತು. ಆದರೆ ನಮ್ಮ ಕಣ್ಣಿಗೆ ದೊಡ್ಡದು ಆಮೇಲಿನದು. ಬಿಡುಗಡೆಯಾಗಿ ಬಂದವರು ಮತ್ತೆ ಅದೇ ಕಾಡಿಗೆ ಹೋದರು. ಸೀಳುನಾಯಿಯ ಮೇಲೆ ಅವರು ಮಾಡಿದ 'ದಿ ಪ್ಯಾಕ್'ಗೆ 2010ರಲ್ಲಿ ಗ್ರೀನ್ ಆಸ್ಕರ್ ಎಂದು ಕರೆಯುವ ಪ್ರಶಸ್ತಿ ಬಂತು. ಒಂದು ಕಾಲಕ್ಕೆ ಪೀಡೆ ಎಂದು ಕೊಂದವರಿಗೆ ಬಹುಮಾನ ಕೊಡುತ್ತಿದ್ದ ಪ್ರಾಣಿ ಅದು.

ಹೀಗೆ ಒಂದು ಶತಮಾನದೊಳಗೆ ಮೈಸೂರು ಸೀಮೆಯಲ್ಲಿ ಕಾಡಿನ ಕಡೆಗೆ ತಿರುಗಿದ್ದ ಕೋವಿ ಕೆಳಗಿಳಿದು ಕ್ಯಾಮೆರಾ ಮೇಲೆದ್ದಿತು. ಈಗ ನೀರಿಗೆ ಬರೋಣ.

ನೀರೊಳಗೆ ಮೊದಲು ಫೋಟೊ ತೆಗೆದವರಲ್ಲಿ ಮುಖ್ಯರು ಫ್ರಾನ್ಸಿನ ಲೂಯಿ ಬೂತಾನ್. 1893ರಲ್ಲಿ ಭಾರದ ಮುಳುಗುಡುಪು ತೊಟ್ಟು, ಕ್ಯಾಮೆರಾವನ್ನು ನೀರು ನುಗ್ಗದ ಪೆಟ್ಟಿಗೆಯಲ್ಲಿಟ್ಟುಕೊಂಡು ಸಮುದ್ರಕ್ಕೆ ಇಳಿದರು. ಅವರು ವಿಜ್ಞಾನಿ. ಚಲಿಸುವ ಚಿತ್ರ ತೆಗೆದವರು ಅಮೆರಿಕದ ಜೆ.ಇ. ವಿಲಿಯಮ್ಸನ್. ಮುಳುಗಿದ ಹಡಗಿನ ಸಾಮಾನು ಎತ್ತಲೆಂದು ಅವರ ತಂದೆ ಒಂದು ಉದ್ದನೆಯ ಕೊಳವೆ ಮಾಡಿದ್ದರು. ಮಗ ಅದರ ತುದಿಗೆ ಗಾಜಿನ ಕಿಟಕಿಯ ಕಬ್ಬಿಣದ ಗೂಡು ಸೇರಿಸಿ, 1914ರಲ್ಲಿ ಬಹಾಮಾ ದ್ವೀಪಗಳ ತಿಳಿನೀರಿನಲ್ಲಿ ಇಳಿಬಿಟ್ಟ. ದುಡ್ಡು ಹಾಕಿದವರಿಗೆ ಮನುಷ್ಯ ಮತ್ತು ಶಾರ್ಕ್ ಕಾಳಗ ತೋರಿಸುತ್ತೇನೆಂದು ಮಾತು ಕೊಟ್ಟಿದ್ದ. ಸತ್ತ ಕುದುರೆಯನ್ನು ನೀರಿಗೆ ಕಟ್ಟಿ ಶಾರ್ಕುಗಳನ್ನು ಕರೆಸಿ, ಕೊನೆಗೆ ತಾನೇ ಚಾಕು ಹಿಡಿದು ಧುಮುಕಿ ಒಂದನ್ನು ಕೊಂದ. ನೀರೊಳಗಿನ ಸಿನಿಮಾ ಹುಟ್ಟಿದ್ದು ಹೀಗೆ, ಬೇಟೆಯಿಂದ.

ಎಲ್ಲರೂ ಹಾಗಿರಲಿಲ್ಲ ಅನ್ನಿ. ಫ್ರಾನ್ಸಿನ ಜಾನ್ ಪಾನ್ಲವೇ 1934ರಲ್ಲಿ ಕಡಲ್ಗುದುರೆಯ ಬಗ್ಗೆ ಒಂದು ಪುಟ್ಟ ಚಿತ್ರ ಮಾಡಿದರು. ಕಡಲ್ಗುದುರೆಯಲ್ಲಿ ಬಸುರಿಯಾಗುವುದು ಗಂಡು, ಹೆರುವುದೂ ಗಂಡು! ಅದನ್ನು ಜನ ಮೊದಲ ಸಲ ಪರದೆಯ ಮೇಲೆ ನೋಡಿದರು. ಆ ಚಿತ್ರದ ಬಹುಭಾಗ ಗಾಜಿನ ತೊಟ್ಟಿಯಲ್ಲಿ ತೆಗೆದದ್ದು. ತೊಟ್ಟಿಯೋ ಸಮುದ್ರವೋ, ಕಾದು ಕೂರುವ ತಾಳ್ಮೆ ಒಂದೇ.

ತಡೆಯಾಗಿದ್ದದ್ದು ಉಸಿರು. ಬಾವಿಯಲ್ಲಿ ಸೋರೆಬುರುಡೆ ಕಟ್ಟಿಕೊಂಡು ಈಜು ಕಲಿತವರಿಗೆ ಇದು ಗೊತ್ತು. ತಳ ಮುಟ್ಟಿ ಹಿಡಿ ಮಣ್ಣು ತರುತ್ತೇನೆಂದು ಪಂದ್ಯ ಕಟ್ಟಿ ಮುಳುಗಿದರೆ ಎರಡಾಳು ಆಳಕ್ಕೇ ಕಿವಿ ಚುಚ್ಚಲು ಶುರು. ಅದು ನೀರಿನ ಒತ್ತಡ. ಪ್ರತಿ 10 ಮೀಟರಿಗೆ ನಮ್ಮ ಮೇಲಿನ ಇಡೀ ಗಾಳಿಯ ಭಾರದಷ್ಟು ಒತ್ತಡ ಮತ್ತೆ ಸೇರುತ್ತದೆ. ಆ ಒತ್ತಡಕ್ಕೆ ಸರಿಯಾಗಿ ಗಾಳಿ ಕೊಡುವ ಸಾಧನ ಬೇಕಿತ್ತು. ಎರಡನೇ ಮಹಾಯುದ್ಧದಲ್ಲಿ ಫ್ರಾನ್ಸಿನಲ್ಲಿ ಪೆಟ್ರೋಲ್ ಸಿಗದೆ ಕಾರುಗಳನ್ನು ಗ್ಯಾಸಿನಲ್ಲಿ ಓಡಿಸುತ್ತಿದ್ದರು. ಅದಕ್ಕೆ ಎಮಿಲ್ ಗಾನ್ಯಾನ್ ಎಂಬ ಇಂಜಿನಿಯರ್ ಒಂದು ರೆಗ್ಯುಲೇಟರ್ ಮಾಡಿದ್ದರು. ನಿಮ್ಮ ಅಡುಗೆಮನೆಯ ಸಿಲಿಂಡರ್ ಮೇಲಿನ ರೆಗ್ಯುಲೇಟರ್ ಕುಲದ್ದೇ. ನೌಕಾಪಡೆಯ ಅಧಿಕಾರಿ ಜಾಕ್ ಕೂಸ್ಟೊ ಅದನ್ನು ನೋಡಿ, ಇಬ್ಬರೂ ಸೇರಿ 1943ರಲ್ಲಿ ಬೆನ್ನಿಗೆ ಕಟ್ಟುವ ಗಾಳಿ ಸಿಲಿಂಡರಿಗೆ ಹೊಂದಿಸಿದರು. ಅದನ್ನು ತೊಟ್ಟ ಮನುಷ್ಯ ಹಗ್ಗ, ಕೊಳವೆಗಳ ಹಂಗಿಲ್ಲದೆ ಮೀನಿನ ಹಾಗೆ ಈಜಿದ.

ಕೂಸ್ಟೊ ಅದಕ್ಕೂ ಮೊದಲೇ ಉಸಿರು ಹಿಡಿದು ಮುಳುಗಿ ಚಿತ್ರ ತೆಗೆಯುತ್ತಿದ್ದರು. ಯುದ್ಧಕಾಲದಲ್ಲಿ ಸಿನಿಮಾ ರೀಲು ಸಿಗುತ್ತಿರಲಿಲ್ಲ. ಸ್ಟಿಲ್ ಕ್ಯಾಮೆರಾದ ಚಿಕ್ಕ ಚಿಕ್ಕ ರೀಲುಗಳನ್ನು ಕೊಂಡು, ಕತ್ತಲಲ್ಲಿ ಒಂದಕ್ಕೊಂದು ಅಂಟಿಸಿಕೊಂಡು ಶೂಟಿಂಗ್ ಮಾಡಿದರು. ದುಬಾರಿ ಸಾಮಾನು ಇದ್ದವರಿಗೆ ಮಾತ್ರ ಈ ಕೆಲಸ ಎನ್ನುವವರು ಇದನ್ನು ಕೇಳಬೇಕು.

1956ರಲ್ಲಿ ಅವರ 'ಮೌನ ಲೋಕ' ಎಂಬ ಅರ್ಥದ ಫ್ರೆಂಚ್ ಚಿತ್ರ ಬಂತು. ಕಾನ್ ಚಿತ್ರೋತ್ಸವದಲ್ಲಿ ಪಾಮ್ ದೋರ್ ಎಂಬ ಅಲ್ಲಿನ ದೊಡ್ಡ ಪ್ರಶಸ್ತಿ, ಮೇಲೆ ಆಸ್ಕರ್. ನೀರೊಳಗಿನ ಬಣ್ಣವನ್ನು ಬಹಳ ಜನ ಅದರಲ್ಲಿ ಕಂಡರು. ಅದೇ ಚಿತ್ರದಲ್ಲಿ ಇನ್ನೊಂದು ದೃಶ್ಯ ಇದೆ. ಹವಳದ ದಿಬ್ಬದ ಮೀನುಗಳನ್ನು ಲೆಕ್ಕ ಹಾಕಲೆಂದು ತಂಡದವರು ಅಲ್ಲಿ ಸಿಡಿಮದ್ದು ಸಿಡಿಸುತ್ತಾರೆ. ಸತ್ತ ಮೀನು ಆಯ್ದು ದಡದಲ್ಲಿ ಸಾಲಾಗಿ ಇಡುತ್ತಾರೆ. ಹಡಗಿನ ಚಕ್ರಕ್ಕೆ ಸಿಕ್ಕಿ ಗಾಯಗೊಂಡ ತಿಮಿಂಗಿಲದ ಮರಿಯನ್ನು ತಿನ್ನಲು ಬಂದ ಶಾರ್ಕುಗಳನ್ನು ಸಿಟ್ಟಿನಿಂದ ಎಳೆದು ಹಾಕಿ ಕಡಿಯುತ್ತಾರೆ. ಇವತ್ತು ನೋಡಿದರೆ ಹೊಟ್ಟೆ ತೊಳಸುತ್ತದೆ. ಅವತ್ತು ಅದು ಯಾರಿಗೂ ತಪ್ಪಾಗಿ ಕಂಡಿರಲಿಕ್ಕಿಲ್ಲ. ಮುಂದೆ ಅದೇ ಕೂಸ್ಟೊ ಸಮುದ್ರ ಉಳಿಸಿ ಎಂದು ಊರೂರು ತಿರುಗಿದರು.

ಆಸ್ಟ್ರೇಲಿಯಾದ ರಾನ್ ಮತ್ತು ವ್ಯಾಲರಿ ಟೇಲರ್ ದಂಪತಿಯದೂ ಇದೇ ದಾರಿ. ಇಬ್ಬರೂ ಈಟಿ ಹಿಡಿದು ಮೀನು ಬೇಟೆಯಾಡುತ್ತಿದ್ದವರು. ರಾನ್ 1965ರಲ್ಲಿ ಆ ಆಟದ ವಿಶ್ವ ಚಾಂಪಿಯನ್. ಆಮೇಲೆ ಈಟಿ ಬಿಟ್ಟು ಕ್ಯಾಮೆರಾ ಹಿಡಿದರು. 1975ರ 'ಜಾಸ್' ಚಿತ್ರದಲ್ಲಿರುವ ನಿಜವಾದ ಶಾರ್ಕಿನ ದೃಶ್ಯಗಳು ಇವರು ತೆಗೆದವು. ಆ ಸಿನಿಮಾ ನೋಡಿ ಜನ ಶಾರ್ಕುಗಳನ್ನು ದ್ವೇಷಿಸತೊಡಗಿದಾಗ ಅವುಗಳ ಪರವಾಗಿ ನಿಂತವರೂ ಇವರೇ. ಕೊಂದವರಿಗೆ ಪ್ರಾಣಿಯ ನಡೆ ಗೊತ್ತಿರುತ್ತದೆ, ಎಲ್ಲಿ ತಿರುಗುತ್ತದೆ, ಯಾವಾಗ ಬೆದರುತ್ತದೆ ಅನ್ನುವುದು ಗೊತ್ತಿರುತ್ತದೆ. ಆ ತಿಳಿವಳಿಕೆಯನ್ನೇ ಅವರು ಬೇರೆ ಕೆಲಸಕ್ಕೆ ಹಚ್ಚಿದರು.

ನಮ್ಮ ದೇಶದಲ್ಲೂ ಮೀನಿನ ಸಿನಿಮಾದಿಂದ ಕಾನೂನು ಬದಲಾದದ್ದುಂಟು. ಗುಜರಾತಿನ ಕಡಲಲ್ಲಿ ತಿಮಿಂಗಿಲ ಶಾರ್ಕುಗಳನ್ನು ಕೊಕ್ಕೆ ಹಾಕಿ ಕೊಲ್ಲುವುದನ್ನು ಮೈಕ್ ಪಾಂಡೆ 'ಶೋರ್ಸ್ ಆಫ್ ಸೈಲೆನ್ಸ್' ಎಂಬ ಚಿತ್ರದಲ್ಲಿ ತೋರಿಸಿದರು. 2001ರಲ್ಲಿ ಸರ್ಕಾರ ಆ ಮೀನನ್ನು ಹುಲಿ, ಆನೆಗಳಿರುವ ಪಟ್ಟಿಗೇ ಸೇರಿಸಿತು. ಆಮೇಲೆ ಅದೇ ಗುಜರಾತಿನ ಬೆಸ್ತರು ಬಲೆಗೆ ಬಿದ್ದ ಶಾರ್ಕನ್ನು ಬಲೆ ಕತ್ತರಿಸಿ ಬಿಡತೊಡಗಿದರು. ಬಾಣಂತನಕ್ಕೆ ತವರಿಗೆ ಬಂದ ಮಗಳು ಎಂದು ಅದಕ್ಕೆ ಹೆಸರು ಬಂತು. ಕೈಯಲ್ಲಿ ಕೊಕ್ಕೆ ಹಿಡಿದಿದ್ದವರೇ ಬಲೆ ಕತ್ತರಿಸಿದ್ದು ನಮಗೆ ಪ್ರಶಸ್ತಿಗಿಂತ ದೊಡ್ಡದಾಗಿ ಕಾಣುತ್ತದೆ.

ಮೈಸೂರಿಗೆ ಕಡಲಿಲ್ಲ, ನಿಜ. ಕರ್ನಾಟಕಕ್ಕೆ ಇದೆ. ಮುರುಡೇಶ್ವರದ ಎದುರು ಸುಮಾರು 19 ಕಿಲೋಮೀಟರ್ ದೂರದಲ್ಲಿ ನೇತ್ರಾಣಿ ದ್ವೀಪ ಇದೆ. ಅದರ ಸುತ್ತ ಹವಳ, ಬಣ್ಣದ ಮೀನು. ಸ್ಕೂಬಾ ಡೈವಿಂಗ್ ಕಲಿಯಲು ಈಗ ಮೈಸೂರು, ಬೆಂಗಳೂರಿನ ಹುಡುಗರು ಹೋಗುವುದು ಅಲ್ಲಿಗೇ. 2022ರ ಅಕ್ಟೋಬರಿನಲ್ಲಿ ಬಿಡುಗಡೆಯಾದ 'ಗಂಧದ ಗುಡಿ'ಯಲ್ಲಿ ಅಪ್ಪು ನೀರೊಳಗೆ ಇಳಿದದ್ದನ್ನು ನೀವು ಟೆಂಟಿನಲ್ಲೋ ಮೊಬೈಲಿನಲ್ಲೋ ನೋಡಿರುತ್ತೀರಿ. ಆ ಚಿತ್ರ ಮಾಡಿದ ಅಮೋಘವರ್ಷ, ಕಲ್ಯಾಣ್ ವರ್ಮ ಜೊತೆಗೂಡಿ ಮಾಡಿದ್ದು 'ವೈಲ್ಡ್ ಕರ್ನಾಟಕ'. ಅದಕ್ಕೆ ರಾಷ್ಟ್ರ ಪ್ರಶಸ್ತಿ ಬಂದಿದೆ, ದನಿ ಕೊಟ್ಟ ಡೇವಿಡ್ ಅಟೆನ್‌ಬರೋ ಅವರಿಗೂ ಬಂದಿದೆ. ಕಾವೇರಿಯ ನೀರುನಾಯಿಗಳ ಆಟ ಅದರಲ್ಲಿದೆ.

ಹಾಗಾದರೆ ಹೊಳೆಯ ಒಳಗು? ಅಲ್ಲಿಯ ಚಿತ್ರ ಯಾಕೆ ಕಡಿಮೆ?

ಒಂದು ಕಾರಣ ಸರಳ. ನಮ್ಮ ಹೊಳೆ ಕೆಂಪಗೆ ಹರಿಯುತ್ತದೆ. ಮಳೆಗಾಲದಲ್ಲಿ ಕೈ ಚಾಚಿದರೆ ಬೆರಳು ಕಾಣದು. ತಿಳಿನೀರಿನಲ್ಲೂ ಬೆಳಕು ಪೂರ್ತಿ ಇಳಿಯುವುದಿಲ್ಲ, ಮೊದಲು ಮಾಯವಾಗುವುದು ಕೆಂಪು ಬಣ್ಣ. ಹಣೆಯ ಕುಂಕುಮ ಆಳಕ್ಕೆ ಹೋದಂತೆ ಕಪ್ಪಾಗಿ ಕಾಣುತ್ತದೆ. ಜೊತೆಗೆ ಸೆಳೆತ, ಸುಳಿ, ಬಂಡೆ ಸಂದು, ಹರಿದು ಬಿದ್ದ ಬಲೆ. ಮೇಲಾಗಿ ಮೊಸಳೆ. ರಂಗನತಿಟ್ಟಿನಲ್ಲಿ ಕ್ಯಾಮೆರಾ ಹಿಡಿದು ನೀರಿಗೆ ಹಾರುತ್ತೇನೆ ಎಂದು ಯಾರಾದರೂ ಹೊರಟರೆ ದಯವಿಟ್ಟು ಮನೆಯವರಿಗೆ ಹೇಳಿ ತಡೆಯಿರಿ. ಅಭಯಾರಣ್ಯದಲ್ಲಿ ಅರಣ್ಯ ಇಲಾಖೆಯ ಅನುಮತಿ ಇಲ್ಲದೆ ಚಿತ್ರೀಕರಣ ಮಾಡುವಂತೆಯೂ ಇಲ್ಲ.

ಇನ್ನೊಂದು ಕಾರಣ ನಮ್ಮ ನೋಟದ್ದು. ಹುಲಿ, ಆನೆಗಳನ್ನು ಪ್ರಾಣಿ ಎನ್ನುತ್ತೇವೆ, ಮೀನನ್ನು ಸಾರು ಎನ್ನುತ್ತೇವೆ. ಪತ್ರಿಕೆಯಲ್ಲಿ ಹೊಳೆಮೀನು ಸುದ್ದಿಯಾಗುವುದು ಸತ್ತು ತೇಲಿದಾಗ.

ಆ ಬಿಳಿಮೀನನ್ನೇ ನೋಡಿ. ಬೆನ್ನ ಮೇಲೆ ಡುಬ್ಬ, ಕೇಸರಿ ರೆಕ್ಕೆ, ಕಾವೇರಿ ಮತ್ತು ಅದರ ಉಪನದಿಗಳನ್ನು ಬಿಟ್ಟರೆ ಲೋಕದಲ್ಲೆಲ್ಲೂ ಇಲ್ಲ. ಅದನ್ನು ಹಿಡಿಯಲೆಂದೇ ನೂರು ವರ್ಷಕ್ಕೂ ಹೆಚ್ಚು ಕಾಲ ದೇಶ ವಿದೇಶದವರು ಗಾಳ ಹೊತ್ತು ಬಂದರು. ಆದರೂ ಅದರ ಶಾಸ್ತ್ರೀಯ ಹೆಸರು ಖಚಿತವಾದದ್ದು 2018ರಲ್ಲಿ, ಟಾರ್ ರೆಮಾದೇವಿಯೈ ಎಂದು. ಅದೇ ವರ್ಷ ಅದು ಅಳಿವಿನ ತೀರಾ ಅಂಚಿನಲ್ಲಿರುವ ಜೀವಿಗಳ ಪಟ್ಟಿಗೂ ಸೇರಿತು. ಹೆಸರಿಡುವ ಹೊತ್ತಿಗೆ ಹೋಗುವ ಹೊತ್ತು ಬಂದಿತ್ತು.

ಹೇಗೆ ಕಡಿಮೆಯಾಯಿತು? ಅಣೆಕಟ್ಟು ಕಟ್ಟಿದೆವು, ಮರಳು ತೆಗೆದೆವು. ಲೋಣಾವಳದ ಹ್ಯಾಚರಿಯಲ್ಲಿ ಬೆಳೆಸಿದ ಬೇರೆ ಜಾತಿಯ ಮಹಶೀರ್ ಮರಿಗಳನ್ನು ಒಳ್ಳೆಯದಾಗಲಿ ಎಂದೇ ಕಾವೇರಿಗೆ ಬಿಟ್ಟರು, ಅವು ಹೆಚ್ಚಿ ಮೂಲದ ಮೀನು ಹಿಂದೆ ಬಿತ್ತು. ಇನ್ನು ಸಿಡಿಮದ್ದು. ಮಡುವಿಗೆ ಒಂದು ತೋಟೆ ಎಸೆದರೆ ದೊಡ್ಡದು, ಚಿಕ್ಕದು, ಮೊಟ್ಟೆ ಎಲ್ಲ ಒಟ್ಟಿಗೆ ಸಾಯುತ್ತವೆ. ತೇಲಿ ಸಿಗುವುದು ಸ್ವಲ್ಪ, ಉಳಿದದ್ದು ತಳಕ್ಕೆ. ಕೂಸ್ಟೊ ತಂಡ ಎಪ್ಪತ್ತು ವರ್ಷದ ಹಿಂದೆ ಮಾಡಿ ಬಿಟ್ಟದ್ದನ್ನು ನಮ್ಮ ಹೊಳೆಗಳಲ್ಲಿ ಇನ್ನೂ ಪೂರ್ತಿ ಬಿಟ್ಟಿಲ್ಲ. ತಳದಲ್ಲಿ ಏನು ಬಿತ್ತು ಎಂದು ಎಸೆದವನು ಒಮ್ಮೆಯೂ ನೋಡಿರುವುದಿಲ್ಲ.

ಈ ಕೆಲಸಕ್ಕೆ ಯಾರು ಬರಬಹುದು ಎಂಬ ಪ್ರಶ್ನೆಗೆ ನಮ್ಮ ಉತ್ತರ ಇಲ್ಲೇ ಇದೆ. ಲಕ್ಷಗಟ್ಟಲೆಯ ಕ್ಯಾಮೆರಾ ಇರುವವರು ಬೆಂಗಳೂರಿನಲ್ಲಿ ಬೇಕಾದಷ್ಟು ಮಂದಿ ಇದ್ದಾರೆ. ಆದರೆ ಯಾವ ಮಡುವಿನಲ್ಲಿ ಎಷ್ಟು ಆಳ, ಯಾವ ಬಂಡೆಯ ಕೆಳಗೆ ಮೀನು ನಿಲ್ಲುತ್ತದೆ, ಹೊಸ ನೀರು ಬಂದಾಗ ಅದು ಯಾವ ಹಳ್ಳಕ್ಕೆ ಹತ್ತುತ್ತದೆ ಎಂದು ಗೊತ್ತಿರುವುದು ತೆಪ್ಪ ಹುಟ್ಟು ಹಾಕುವವರಿಗೆ, ಬಲೆ ಬೀಸುವ ಮನೆಗಳ ಮಕ್ಕಳಿಗೆ. ಸಾಬುವಿಗೆ ಆನೆ ಹೇಗೋ, ಟೇಲರ್ ದಂಪತಿಗೆ ಶಾರ್ಕ್ ಹೇಗೋ, ಇವರಿಗೆ ಹೊಳೆ ಹಾಗೆ.

ದೂರದ ಕಡಲಿಗೇ ಹೋಗಬೇಕೆಂದೂ ಇಲ್ಲ. 2021ರಲ್ಲಿ ಆಸ್ಕರ್ ಪಡೆದ 'ಮೈ ಆಕ್ಟೋಪಸ್ ಟೀಚರ್' ನೋಡಿ. ದಕ್ಷಿಣ ಆಫ್ರಿಕಾದ ಕ್ರೇಗ್ ಫಾಸ್ಟರ್ ತಮ್ಮ ಮನೆಯ ಹತ್ತಿರದ ಕಡಲಿಗೆ ಸಿಲಿಂಡರ್ ಇಲ್ಲದೆ, ಬರೀ ಉಸಿರು ಹಿಡಿದು ದಿನಾ ಮುಳುಗಿದರು. ಒಂದೇ ಜಾಗ, ಒಂದೇ ಪ್ರಾಣಿ, ಸುಮಾರು ಒಂದು ವರ್ಷ.

ಹೊಟ್ಟೆಪಾಡಿನ ಮಾತನ್ನೂ ಮುಚ್ಚಿಡಬಾರದು. ಇದರಿಂದ ತಿಂಗಳ ಸಂಬಳ ಬರುತ್ತದೆಂದು ಯಾರಾದರೂ ಹೇಳಿದರೆ ನಂಬಬೇಡಿ. ಕೂಸ್ಟೊ ನೌಕಾಪಡೆಯ ನೌಕರರಾಗಿದ್ದರು, ತಮ್ಮ ಹಡಗಿನ ಖರ್ಚಿಗೆ ಎಣ್ಣೆ ಕಂಪನಿಗೆ ಸಮುದ್ರದ ತಳ ಹುಡುಕಿಕೊಟ್ಟರು. ಆಸ್ಟ್ರಿಯಾದ ಹಾನ್ಸ್ ಹಾಸ್ ಫೋಟೊ ಮಾರಿ, ಭಾಷಣ ಮಾಡಿ ಮುಂದಿನ ಪ್ರಯಾಣಕ್ಕೆ ದುಡ್ಡು ಕೂಡಿಸುತ್ತಿದ್ದರು. ನಮ್ಮಲ್ಲೂ ಈ ಕೆಲಸದವರು ಮದುವೆ ಫೋಟೊ, ಡೈವಿಂಗ್ ತರಬೇತಿ, ಸಂಶೋಧಕರಿಗೆ ಸಹಾಯ ಎಂದು ಮೂರ್ನಾಲ್ಕು ಕಡೆ ಕೈಯಿಟ್ಟೇ ಬದುಕಬೇಕು. ಹೊಳೆಗಾದರೆ ಶುರುವಿಗೆ ಮುಳುಗಲೇಬೇಕಿಲ್ಲ. ನೀರು ನುಗ್ಗದ ಅಂಗೈಯಗಲದ ಕ್ಯಾಮೆರಾವನ್ನು ಬಿದಿರು ಗಳುವಿಗೆ ಕಟ್ಟಿ ತೆಪ್ಪದಿಂದ ಇಳಿಬಿಟ್ಟರೆ ಒಂದು ಗಂಟೆ ಚಿತ್ರ ಸಿಗುತ್ತದೆ. ವಿಲಿಯಮ್ಸನ್ ಕೊಳವೆಯ ಬಡ ಮೊಮ್ಮಗ ಅನ್ನಬಹುದು. ಮೀನಿಗೂ ಮನುಷ್ಯನ ಗಡಿಬಿಡಿ ಇಲ್ಲ.

ಜೀವಂತ ಮಹಶೀರನ್ನು ಕಣ್ಣಾರೆ ನೋಡಬೇಕೆಂದರೆ ಮೈಸೂರಿನಿಂದ ಅರಕಲಗೂಡು ತಾಲೂಕಿನ ರಾಮನಾಥಪುರಕ್ಕೆ ಹೋಗಿ. ಕಾವೇರಿಯ ಮೆಟ್ಟಿಲಿನ ಬಳಿ ದೇವರ ಮೀನೆಂದು ಜನ ಉಳಿಸಿಕೊಂಡು ಬಂದ ಜಾಗ ಅದು, ಗಾಳ ಹಾಕುವಂತಿಲ್ಲ. ಶೃಂಗೇರಿಯ ತುಂಗೆಯಲ್ಲೂ ಹಾಗೆಯೇ, ಬೆಳ್ತಂಗಡಿಯ ಶಿಶಿಲದಲ್ಲೂ ಹಾಗೆಯೇ. ಶಿಶಿಲದಲ್ಲಿ 1996ರಲ್ಲಿ ಯಾರೋ ನೀರಿಗೆ ವಿಷ ಹಾಕಿ ಸಾವಿರಾರು ಮೀನು ಸತ್ತವು, ಊರವರು ಸತ್ತ ಮೀನುಗಳಿಗೆ ಒಂದು ಸ್ಮಾರಕ ಕಟ್ಟಿದ್ದಾರೆ. ಮಳೆ ನಿಂತು ನೀರು ತಿಳಿಯಾಗುವುದು ಚಳಿಗಾಲಕ್ಕೆ. ಆಗ ಬೆಳಿಗ್ಗೆ ಬಿಸಿಲು ಏರಿದ ಮೇಲೆ ಮೆಟ್ಟಿಲ ಮೇಲೆ ಕೂತರೆ ಮೀನಿನ ಬೆನ್ನು, ರೆಕ್ಕೆ, ಬಾಯಿ ತೆರೆಯುವುದು ಎಲ್ಲ ಕಾಣುತ್ತದೆ. ಪುರಿ ಎರಚಬೇಡಿ, ಎರಚಿದರೆ ಮುತ್ತಿಕೊಂಡು ನೀರು ಕದಡುತ್ತವೆ, ಆಮೇಲೆ ಅರ್ಧ ಗಂಟೆ ಏನೂ ಕಾಣುವುದಿಲ್ಲ.